ಪರೇಡಿಗೆ ಪೊಲೀಸ್, ಸಂಬಳಕ್ಕೆ ವಿದ್ಯಾರ್ಥಿ

ತರಬೇತಿಯಲ್ಲಿರುವ ಪೊಲೀಸರಿಗೆ ಪೂರ್ತಿ ಸಂಬಳ ಯಾಕೆ, ಇನ್ನೂ ಕಲಿಯುತ್ತಿದ್ದಾರಲ್ಲ ಎನ್ನುವವರು ನಮ್ಮ ಕೈಲಾಂಚ ಹೋಬಳಿಯಲ್ಲಿ ರೇಷ್ಮೆಹುಳ ಸಾಕುವ ಒಂದು ಮನೆ ನೋಡಲಿ. ಮಗ ಚನ್ನಪಟ್ಟಣದ ತರಬೇತಿ ಶಾಲೆಗೋ ಇನ್ನೆಲ್ಲಿಗೋ ಹೊರಟರೆ ಸೊಪ್ಪು ಕೊಯ್ಯಲು ಕೂಲಿಯಾಳು ಬೇಕು. ನಾಲ್ಕನೇ ಜ್ವರದಿಂದ ಎದ್ದ ಹುಳ ಹಸಿದು ಕಾಯುವುದಿಲ್ಲ, ಕೂಲಿಯೂ ಕಾಯುವುದಿಲ್ಲ.

ಪಕ್ಕದ ಆಂಧ್ರ, ತೆಲಂಗಾಣಗಳಲ್ಲಿ ಇಂಥವರ ಹೆಸರೇ ‘ಸ್ಟೈಪೆಂಡರಿ ಕೆಡೆಟ್ ಟ್ರೈನಿ’. ಅಂದರೆ ಸಂಬಳವಲ್ಲ, ಭತ್ಯೆ. ಪರೇಡಿಗೆ ತಡವಾದರೆ ಪೂರ್ತಿ ಪೊಲೀಸ್ ಶಿಸ್ತು. ತಿಂಗಳ ಕೊನೆಗೆ ಮಾತ್ರ ವಿದ್ಯಾರ್ಥಿ! ಹಾಗಿದ್ದರೆ ಸಂಜೆ ಬೇರೆ ದುಡಿಮೆಗೆ ಬಿಡಿ, ನೋಡೋಣ. ಪೊಲೀಸರು ಕಾರ್ಮಿಕ ಸಂಘ ಸೇರುವುದಕ್ಕೂ 1966ರ ಕಾಯ್ದೆಯ ನಿರ್ಬಂಧವಿದೆ.

ನಡುವೆ ಬಿಟ್ಟು ಓಡುತ್ತಾರೆಂಬ ಭಯವೇ? ಮುಚ್ಚಳಿಕೆ ಬರೆಸಿಕೊಳ್ಳಿ. ನಾನು ಕೇಳುವುದು, ಮೊದಲ ದಿನದಿಂದಲೇ ಪೂರ್ತಿ ಸಂಬಳ.