ನಾಡಿಯಾ ಅವರ ಹಿಂದಿ, ನಮ್ಮ ಮಕ್ಕಳ ಕನ್ನಡ

ನಿಮ್ಮ ಮಗು ‘ಹಳ್ಳಿ’ಗೆ ‘ಹಲ್ಲಿ’ ಅಂದರೆ ಮನೆಯವರೆಲ್ಲ ನಗುತ್ತೀರಾ? ಹಾಗಾದರೆ ಮೇರಿ ಆನ್ ಇವಾನ್ಸ್ ಅವರ ಕಥೆ ಕೇಳಿ.

1908ರಲ್ಲಿ ಆಸ್ಟ್ರೇಲಿಯಾದ ಪರ್ತ್‌ನಲ್ಲಿ ಹುಟ್ಟಿದ ಇವರು ಬಾಲ್ಯದಲ್ಲೇ ಭಾರತಕ್ಕೆ ಬಂದರು. ಸರ್ಕಸ್‌ನಲ್ಲಿ ದುಡಿದರು, ‘ನಾಡಿಯಾ’ ಎಂದು ಹೆಸರು ಬದಲಿಸಿಕೊಂಡರು, ಬಾಂಬೆಯ ವಾಡಿಯಾ ಸಹೋದರರ ಸ್ಟುಡಿಯೋ ಸೇರಿದರು. ಅವರ ಹಿಂದಿಯಲ್ಲಿ ಪರದೇಶದ ಧಾಟಿ ಎದ್ದು ಕೇಳುತ್ತಿತ್ತು. ಆದರೂ 1935ರ ‘ಹಂಟರ್‌ವಾಲಿ’ಯಲ್ಲಿ ಮುಖವಾಡ ತೊಟ್ಟು, ಚಾವಟಿ ಹಿಡಿದು ಕುದುರೆ ಏರಿದಾಗ ಜನ ಮುಗಿಬಿದ್ದು ನೋಡಿದರು. ಸಾಹಸ ದೃಶ್ಯಗಳಲ್ಲಿ ತಾವೇ ಜಿಗಿಯುತ್ತಿದ್ದರು.

ಧಾಟಿ ಸರಿಹೋಗಲಿ ಎಂದು ಅವರು ಬಾಯಿ ಮುಚ್ಚಿಕೊಂಡು ಕಾಯಲಿಲ್ಲ. ನಿಮ್ಮ ಮಗುವೂ ಕಾಯಬೇಕಿಲ್ಲ. ‘ಹೌದು ಪುಟ್ಟಾ, ಅಜ್ಜಿಯ ಹಳ್ಳಿ!’ ಎಂದು ಸರಿಯಾದ ಪದವನ್ನು ನೀವೇ ಹೇಳಿ, ಮಾತು ಮುಂದುವರಿಸಿ. ನಕ್ಕರೆ, ಮುಂದಿನ ಸಲ ಉತ್ತರ ಇಂಗ್ಲಿಷ್‌ನಲ್ಲೇ ಬಂದೀತು.