ಪಂಕ್ತಿಯಲ್ಲಿ ಜಾಗ ಕೊಟ್ಟೆವು, ವೇದಿಕೆಯ ಮೇಲೆ?

ಮನೆಯಿಲ್ಲದವರ ಬಗ್ಗೆ ನಾಟಕ ಮಾಡುವುದು ಸುಲಭ. ಹರಿದ ಅಂಗಿ, ಕೆದರಿದ ಕೂದಲು, ಕೈಯಲ್ಲೊಂದು ತಟ್ಟೆ, ಹಿನ್ನೆಲೆಗೆ ಹಾರ್ಮೋನಿಯಂ. ಕೊನೆಗೆ ದಾನಿಯೊಬ್ಬ ಬಂದು ಕಂಬಳಿ ಹೊದಿಸುತ್ತಾನೆ. ನಾವು ಕಣ್ಣೊರೆಸಿಕೊಂಡು ಚಪ್ಪಾಳೆ ತಟ್ಟುತ್ತೇವೆ. ಶಾಲೆಯ ಗ್ಯಾದರಿಂಗಿನಿಂದ ಹಿಡಿದು ಮಠದ ವಾರ್ಷಿಕೋತ್ಸವದವರೆಗೆ ಇಂಥವನ್ನು ಸಾಕಷ್ಟು ನೋಡಿದ್ದೇನೆ. ಮನೆಯಿಲ್ಲದವರೇ ನಾಟಕ ಕಟ್ಟಿ, ತಮ್ಮಂಥವರ ಮುಂದೆಯೇ ಆಡಿದರೆ ಏನಾಗುತ್ತದೆ? ಆಗ ಕಣ್ಣೀರಿಗೆ ಅಷ್ಟು ಕೆಲಸವಿರುವುದಿಲ್ಲ, ಜಗಳ ಶುರುವಾಗುತ್ತದೆ. ಆ ಜಗಳ ನಮ್ಮ ಮಠಗಳ ಅಂಗಳದಲ್ಲೂ ಆಗಬೇಕು ಎಂಬುದು ನನ್ನ ಅಭಿಪ್ರಾಯ.

ಲಂಡನ್ನಿನಲ್ಲಿ 1991ರಲ್ಲಿ ಇಂಥದೊಂದು ತಂಡ ಹುಟ್ಟಿತು. ಹೆಸರು ‘ಕಾರ್ಡ್‌ಬೋರ್ಡ್ ಸಿಟಿಜನ್ಸ್’, ಅಂದರೆ ರಟ್ಟಿನ ನಾಗರಿಕರು. ಆ ಕಾಲಕ್ಕೆ ಅಲ್ಲಿನ ವಾಟರ್ಲೂ ರೈಲು ನಿಲ್ದಾಣದ ಹತ್ತಿರ ರಟ್ಟಿನ ಪೆಟ್ಟಿಗೆಗಳನ್ನೇ ಹಾಸಿ ಹೊದ್ದು ಮಲಗುವವರ ಒಂದು ಊರೇ ಇತ್ತು. ಜನ ಅದನ್ನು ಕಾರ್ಡ್‌ಬೋರ್ಡ್ ಸಿಟಿ ಎನ್ನುತ್ತಿದ್ದರು. ತಂಡ ಕಟ್ಟಿದ ಏಡ್ರಿಯನ್ ಜಾಕ್ಸನ್, ಬ್ರೆಜಿಲ್ ದೇಶದ ರಂಗಕರ್ಮಿ ಅಗಸ್ಟೊ ಬೋವಾಲ್ ಅವರ ಪುಸ್ತಕಗಳನ್ನು ಇಂಗ್ಲಿಷಿಗೆ ತಂದವರು. ಬೋವಾಲ್ ರೂಪಿಸಿದ ‘ಫೋರಂ ಥಿಯೇಟರ್’ ಪದ್ಧತಿಯನ್ನೇ ಅವರು ಹಿಡಿದುಕೊಂಡು ಹಾಸ್ಟೆಲ್ಲು, ಊಟದ ಕೇಂದ್ರ, ಜೈಲುಗಳಿಗೆ ನಾಟಕ ಒಯ್ದರು. ನಟರಲ್ಲಿ ಹಲವರು ತಾವೇ ಬೀದಿಯಲ್ಲಿ ಮಲಗಿ ಎದ್ದವರು.

ಪದ್ಧತಿ ಹೀಗಿದೆ. ಅರ್ಧ ಮುಕ್ಕಾಲು ಗಂಟೆಯ ಒಂದು ನಾಟಕ. ಅದರಲ್ಲಿ ಒಬ್ಬರಿಗೆ ಅನ್ಯಾಯವಾಗುತ್ತದೆ, ಕಥೆ ಸೋಲಿನಲ್ಲಿ ಮುಗಿಯುತ್ತದೆ. ಆಮೇಲೆ ‘ಜೋಕರ್’ ಎಂಬ ನಿರ್ವಾಹಕ ಮುಂದೆ ಬರುತ್ತಾನೆ. ಹೆಸರಿಗೆ ಜೋಕರ್ ಆದರೂ ಕೆಲಸ ನಮ್ಮ ದೊಡ್ಡಾಟದ ಸಾರಥಿಯದು: ಪಾತ್ರವನ್ನೂ ಮಾತಾಡಿಸುತ್ತಾನೆ, ನೋಡುವವರನ್ನೂ ಮಾತಾಡಿಸುತ್ತಾನೆ. ‘ಈ ಹೆಣ್ಣುಮಗಳು ಬೇರೆ ಏನು ಮಾಡಬಹುದಿತ್ತು?’ ಎಂದು ಕೇಳುತ್ತಾನೆ. ನಾಟಕ ಮೊದಲಿನಿಂದ ಮತ್ತೆ ಶುರುವಾಗುತ್ತದೆ. ನೋಡುತ್ತ ಕುಳಿತ ಯಾರು ಬೇಕಾದರೂ ‘ನಿಲ್ಲಿಸಿ’ ಎಂದು ಕೂಗಿ, ಎದ್ದು ಬಂದು, ಆ ಪಾತ್ರದ ಜಾಗದಲ್ಲಿ ನಿಂತು ತನಗೆ ತೋಚಿದ್ದನ್ನು ಮಾಡಿ ತೋರಿಸಬಹುದು. ಎದುರಿನ ನಟರು ಸುಮ್ಮನೆ ಸೋಲುವುದಿಲ್ಲ. ಮನೆ ಮಾಲೀಕ ಮಾಲೀಕನಂತೆಯೇ, ಕಚೇರಿಯ ಗುಮಾಸ್ತ ಗುಮಾಸ್ತನಂತೆಯೇ ಪಟ್ಟು ಹಿಡಿಯುತ್ತಾರೆ. ಯಾವ ಮಾತಿಗೆ ಬಾಗಿಲು ತೆರೆಯಿತು, ಯಾವ ಮಾತಿಗೆ ಮುಚ್ಚಿತು ಎಂಬುದು ಎಲ್ಲರ ಕಣ್ಣೆದುರೇ ಗೊತ್ತಾಗುತ್ತದೆ.

2016ರಲ್ಲಿ ಈ ತಂಡ ‘ಕ್ಯಾಥಿ’ ಎಂಬ ನಾಟಕ ಆಡಿತು. ಅದಕ್ಕೆ ಹಿಂದಿನ ಕಥೆಯೊಂದಿದೆ. 1966ರ ನವೆಂಬರಿನಲ್ಲಿ ಬಿಬಿಸಿ ‘ಕ್ಯಾಥಿ ಕಮ್ ಹೋಮ್’ ಎಂಬ ಚಿತ್ರ ತೋರಿಸಿತು. ನಿರ್ದೇಶಕರು ಕೆನ್ ಲೋಚ್. ಮನೆ ಕಳೆದುಕೊಂಡು, ಕೊನೆಗೆ ಮಕ್ಕಳನ್ನೂ ಕಳೆದುಕೊಂಡ ತಾಯಿಯ ಕಥೆ. ಸುಮಾರು 1 ಕೋಟಿ 20 ಲಕ್ಷ ಜನ ನೋಡಿ ಮರುಗಿದರು. ಮನೆಯಿಲ್ಲದವರ ಪರ ದುಡಿಯುವ ‘ಶೆಲ್ಟರ್’ ಸಂಸ್ಥೆ ಅದೇ ಹೊತ್ತಿಗೆ ಆರಂಭವಾಗಿ, ಆ ಮರುಕದಿಂದ ಅದಕ್ಕೆ ಬಲವೂ ಬಂತು. ಆದರೂ ಐವತ್ತು ವರ್ಷದ ನಂತರ ಅದೇ ಕ್ಯಾಥಿಯನ್ನು ಮತ್ತೆ ರಂಗಕ್ಕೆ ತರಬೇಕಾಯಿತು. ಹೊಸ ಕ್ಯಾಥಿ ಕಸ ಗುಡಿಸಿ ಒರೆಸುವ ಕೆಲಸದವಳು. ಬಾಡಿಗೆ ಬಾಕಿ ಬಿದ್ದು ಮಗಳೊಂದಿಗೆ ಬೀದಿಗೆ ಬರುತ್ತಾಳೆ. ದುಡಿಯುತ್ತಿದ್ದಾಗಲೇ ಬೀದಿಗೆ ಬಿದ್ದವಳು ಎಂಬುದನ್ನು ಗಮನಿಸಬೇಕು. ಇಂಗ್ಲೆಂಡಿನ ಕಾನೂನಿನಲ್ಲಿ ‘ಬೇಕೆಂದೇ ಮನೆ ಕಳೆದುಕೊಂಡವರು’ ಎಂಬ ಒಂದು ವರ್ಗವೇ ಇದೆ. ಆ ಮುದ್ರೆ ಬಿದ್ದವರಿಗೆ ಮನೆ ಕೊಡಿಸುವ ಪೂರ್ಣ ಹೊಣೆ ಸ್ಥಳೀಯ ಆಡಳಿತಕ್ಕಿಲ್ಲ.

ಬೇಕೆಂದೇ! ಈ ಮಾತು ಕೇಳಿದಾಗ ನನಗೆ ನಮ್ಮದೇ ಒಂದು ಜಾತ್ರೆ ನೆನಪಾಯಿತು. ಯುವಕರ ತಂಡವೊಂದು ಭಿಕ್ಷಾಟನೆಯ ವಿರುದ್ಧ ಬೀದಿನಾಟಕ ಆಡಿತ್ತು. ‘ಕಾಯಕ ಮಾಡದವನಿಗೆ ಅನ್ನದ ಹಕ್ಕಿಲ್ಲ’ ಎಂಬುದು ಅದರ ಸಾರ. ಹುಡುಗರ ಉತ್ಸಾಹ ಒಳ್ಳೆಯದೇ. ಆದರೆ ನೋಡುತ್ತ ಕುಳಿತವರಲ್ಲಿ ಒಬ್ಬಾತ ಬೆಳಗಿನಿಂದ ದಾಸೋಹದ ಕೊಪ್ಪರಿಗೆ ತಿಕ್ಕಿದವನು. ಜಾತ್ರೆಯಿಂದ ಜಾತ್ರೆಗೆ, ಮದುವೆಯಿಂದ ಮದುವೆಗೆ ಪಾತ್ರೆ ತೊಳೆಯುತ್ತ ತಿರುಗುವವನು, ಬಸ್ ನಿಲ್ದಾಣದಲ್ಲಿ ಮಲಗುವವನು.

‘ಏನಪಾ, ನಾಟಕ ಹೆಂಗಿತ್ತು?’ ಎಂದೆ.

‘ಚಲೋ ಇತ್ರಿ ಸರ. ಆದ್ರ ದುಡಿದಾಂವ ರಾತ್ರಿ ಎಲ್ಲಿ ಮಲಗಬೇಕು ಅನ್ನೂದು ಯಾರೂ ಹೇಳಲಿಲ್ರಿ’ ಎಂದ.

ಆ ಒಂದು ಮಾತನ್ನು ಆತ ಎದ್ದು ನಿಂತು ಹೇಳುವ ಅವಕಾಶ ಆ ನಾಟಕದಲ್ಲಿ ಇರಲಿಲ್ಲ. 2011ರ ಜನಗಣತಿಯ ಪ್ರಕಾರ ಭಾರತದಲ್ಲಿ ಮನೆಯಿಲ್ಲದವರು ಸುಮಾರು 17.7 ಲಕ್ಷ. ಇವರಲ್ಲಿ ಹಮಾಲರಿದ್ದಾರೆ, ಗಾರೆ ಕೆಲಸದವರಿದ್ದಾರೆ, ಚಿಂದಿ ಆಯುವವರಿದ್ದಾರೆ. ಕಾಯಕವಿದೆ, ಸೂರಿಲ್ಲ. ಕಾಯಕ ತತ್ತ್ವವನ್ನು ಇವರ ಬೆನ್ನಿಗೆ ಬಾರಿಸುವ ಕೋಲು ಮಾಡಿಕೊಂಡರೆ ಅದು ಶರಣರಿಗೆ ಮಾಡುವ ಅವಮಾನ.

ಬೋವಾಲ್ ತಮ್ಮ ಅನುಭವವೊಂದನ್ನು ಬರೆದುಕೊಂಡಿದ್ದಾರೆ. ಯೌವನದಲ್ಲಿ ಅವರ ತಂಡ ಬ್ರೆಜಿಲ್‌ನ ಈಶಾನ್ಯ ಭಾಗದ ಹಳ್ಳಿಗಳಿಗೆ ಹೋಗಿ, ಭೂಮಿಗಾಗಿ ರಕ್ತ ಚೆಲ್ಲಿರಿ ಎಂದು ರೈತರಿಗೆ ಕರೆ ಕೊಡುವ ನಾಟಕ ಆಡುತ್ತಿತ್ತು. ವಿರ್ಜಿಲಿಯೊ ಎಂಬ ರೈತ ನಾಟಕ ಕಂಡು ಕಣ್ಣೀರಿಟ್ಟು, ನಿಮ್ಮ ಬಂದೂಕುಗಳೊಂದಿಗೆ ಬನ್ನಿ, ಜಮೀನುದಾರನ ಮೇಲೆ ಈಗಲೇ ಹೋಗೋಣ ಎಂದ. ಬಂದೂಕು ನಾಟಕದ್ದು, ಸುಡುವುದಿಲ್ಲ ಎಂದರು. ಪರವಾಗಿಲ್ಲ, ನಮ್ಮಲ್ಲಿ ನಿಜವಾದವು ಇವೆ, ನೀವಂತೂ ನಿಜವಾದವರಲ್ಲವೇ ಎಂದ. ನಾವು ಕಲಾವಿದರು, ರೈತರಲ್ಲ ಎನ್ನಬೇಕಾಯಿತು. ಹಾಗಾದರೆ ನೀವು ಹೇಳಿದ ರಕ್ತ ನಮ್ಮದು ಮಾತ್ರ ಎಂಬುದು ಆ ರೈತನಿಗೆ ಅರ್ಥವಾಯಿತು. ತಾನು ಮಾಡಲಾರದ್ದನ್ನು ಇನ್ನೊಬ್ಬರಿಗೆ ಬೋಧಿಸುವ ನಾಟಕವನ್ನು ಬೋವಾಲ್ ಆಮೇಲೆ ಬಿಟ್ಟರು. ನುಡಿ ನಡೆಯಾಗಬೇಕೆಂಬ ಪರಂಪರೆಯಲ್ಲಿ ಬಂದ ನಮಗೆ ಇದನ್ನು ವಿವರಿಸಿ ಹೇಳಬೇಕಿಲ್ಲ. ಮುಂದೆ ಅವರು 1992ರಲ್ಲಿ ರಿಯೊ ನಗರಸಭೆಗೆ ಆಯ್ಕೆಯಾಗಿ, ಬೀದಿಯ ಫೋರಂ ನಾಟಕಗಳಲ್ಲಿ ಜನ ಆಡಿ ತೋರಿಸಿದ ಸಲಹೆಗಳನ್ನೇ ಮಸೂದೆ ಮಾಡಿದರು. ಅಂಥ 13 ಕಾನೂನುಗಳು ಜಾರಿಯಾದವು.

ನಾಟಕದಿಂದ ಸೂರು ಬರುತ್ತದೆಯೇ ಎಂದು ಕೆಲವರು ಕೇಳಬಹುದು. ಬರುವುದಿಲ್ಲ. ಒಂದು ಲಕ್ಷ ಜನಸಂಖ್ಯೆಗೆ ಒಂದರಂತೆ ವರ್ಷವಿಡೀ ತೆರೆದಿರುವ ವಸತಿಕೇಂದ್ರ ನಗರಗಳಲ್ಲಿ ಇರಬೇಕೆಂದು ಸುಪ್ರೀಂ ಕೋರ್ಟು 2010ರಲ್ಲೇ ಹೇಳಿದೆ. ಆ ಕೆಲಸ ಸರಕಾರದ್ದು, ಅದನ್ನು ನಾಟಕದವರ ತಲೆಗೆ ಕಟ್ಟಬಾರದು. ನಾಟಕ ಮಾಡುವುದು ಇಷ್ಟೇ: ನಿನ್ನೆಯವರೆಗೆ ‘ಫಲಾನುಭವಿ’ ಆಗಿದ್ದವನ ಬಾಯಿಂದ ಪ್ರಶ್ನೆ ಹೊರಡಿಸುತ್ತದೆ. ಇನ್ನೊಂದು ಆಕ್ಷೇಪ ಇದಕ್ಕಿಂತ ಗಟ್ಟಿಯಾದದ್ದು: ಅವರ ನೋವನ್ನು ಅವರಿಂದಲೇ ಆಡಿಸಿ ನಾವು ನೋಡುವುದು ಕ್ರೌರ್ಯವಲ್ಲವೇ? ಟಿಕೇಟು ಹಚ್ಚಿ, ಗಣ್ಯರನ್ನು ಮುಂದಿನ ಸಾಲಿನಲ್ಲಿ ಕೂರಿಸಿದರೆ ಖಂಡಿತ ಕ್ರೌರ್ಯ. ಆದ್ದರಿಂದಲೇ ಮುಂದಿನ ಸಾಲು ಅವರದೇ ಆಗಿರಬೇಕು. ಯಾವ ಕಥೆ ಹೇಳಬೇಕು, ಯಾವುದನ್ನು ಹೇಳಬಾರದು ಎಂಬ ತೀರ್ಮಾನವೂ ಅವರದೇ.

ಮಠಗಳಿಗೆ ರಂಗಭೂಮಿ ಹೊಸದಲ್ಲ. ಸಾಣೇಹಳ್ಳಿಯ ಶಿವಸಂಚಾರ 1997ರಿಂದ ಊರೂರಿಗೆ ನಾಟಕ ಒಯ್ಯುತ್ತಿದೆ. ಬೋವಾಲ್ ಪದ್ಧತಿಯೂ ಈ ದೇಶಕ್ಕೆ ಹೊಸದಲ್ಲ. ಪಶ್ಚಿಮ ಬಂಗಾಳದ ‘ಜನ ಸಂಸ್ಕೃತಿ’ ತಂಡ ಹಳ್ಳಿಗಳಲ್ಲಿ ದಶಕಗಳಿಂದ ಅದನ್ನು ನಡೆಸುತ್ತಿದೆ. ನಮ್ಮ ರಾಜ್ಯದಲ್ಲೇ ಹುಲುಗಪ್ಪ ಕಟ್ಟಿಮನಿಯವರು ಕೈದಿಗಳಿಂದ ನಾಟಕ ಕಟ್ಟಿಸಿದ್ದಾರೆ. ಕೈದಿ ರಂಗದ ಮೇಲೆ ನಿಲ್ಲಬಹುದಾದರೆ ಕೊಪ್ಪರಿಗೆ ತಿಕ್ಕುವವನು ಏಕೆ ನಿಲ್ಲಬಾರದು? ಅನುಭವ ಮಂಟಪದಿಂದ ನಾವು ದಾಸೋಹವನ್ನು ಚೆನ್ನಾಗಿ ಉಳಿಸಿಕೊಂಡಿದ್ದೇವೆ. ಅಂಬಿಗರ ಚೌಡಯ್ಯ, ಸೂಳೆ ಸಂಕವ್ವ ಅಲ್ಲಿಗೆ ಬಂದದ್ದು ಉಣ್ಣಲಿಕ್ಕಷ್ಟೇ ಅಲ್ಲ, ಮಾತಾಡಲಿಕ್ಕೆ.

ನನ್ನ ಸಲಹೆ ಚಿಕ್ಕದು. ಶ್ರಾವಣದ ಪ್ರವಚನದ ತಿಂಗಳಲ್ಲಿ ಒಂದು ಸಂಜೆ, ಪ್ರಸಾದದ ನಂತರ, ಬಸ್ ನಿಲ್ದಾಣದಲ್ಲಿ ಮಲಗುವವರಿಗೆ ವೇದಿಕೆ ಬಿಟ್ಟುಕೊಡೋಣ. ಅದಕ್ಕೂ ಮೊದಲು ರಂಗಕರ್ಮಿಯೊಬ್ಬರು ಹದಿನೈದು ದಿನ ಅವರ ಜೊತೆ ಕುಳಿತು ನಾಟಕ ಕಟ್ಟಲಿ. ಆ ದಿನಗಳ ಕೂಲಿಯನ್ನು ಅವರಿಗೆ ಕೊಡಬೇಕು, ಪಾತ್ರೆ ತೊಳೆದರೆ ಸಿಗುತ್ತಿದ್ದಷ್ಟಾದರೂ. ಶಾಲು ಹೊದಿಸುವುದು, ಫೋಟೊ ತೆಗೆಯುವುದು ಬೇಡ. ಆಡಳಿತ ಮಂಡಳಿಯವರು ನೆಲದ ಮೇಲೆ ಎಲ್ಲರೊಂದಿಗೆ ಕುಳಿತಿರಲಿ. ಯಾರೋ ಒಬ್ಬ ಎದ್ದು ‘ನಿಲ್ಲಿಸ್ರಿ’ ಎನ್ನುತ್ತಾನೆ. ಇಷ್ಟು ದೊಡ್ಡ ಕಲ್ಯಾಣ ಮಂಟಪಕ್ಕೆ ರಾತ್ರಿ ಬೀಗ ಏಕೆ ಹಾಕುತ್ತೀರಿ ಎಂದು ಕೇಳುತ್ತಾನೆ. ಬೀಗದ ಕೈ ಇಟ್ಟುಕೊಂಡವರು ಅಂದು ತಪ್ಪದೆ ಸಭೆಯಲ್ಲಿರಬೇಕು.