ಮದ್ಯದಂಗಡಿಯ ನೌಕರನೂ ತುಟ್ಟಿಭತ್ಯೆಯೂ

ಚಳ್ಳಕೆರೆ ತಾಲ್ಲೂಕಿನ ನನ್ನಿವಾಳವೆಂದೊಡನೆ ಆ ಸೀಮೆಯವರಿಗೆ ನೆನಪಾಗುವುದು ಅಲ್ಲಿನ ಕಟ್ಟೆಮನೆ ಮತ್ತು ದೇವರ ಎತ್ತುಗಳು. ಮ್ಯಾಸನಾಯಕರ ಹಳೆಯ ಕಟ್ಟಳೆಯಲ್ಲಿ ಈಚಲೂ ಹೆಂಡವೂ ವರ್ಜ್ಯ. ಇಂತಹ ನೆಲದಲ್ಲಿ ಮದ್ಯದಂಗಡಿಯ ನೌಕರನ ಭತ್ಯೆಯ ಮಾತೆತ್ತಿದರೆ, 'ವ್ಯಾಪಾರವೇ ಬೇಡವಾಗಿರುವಾಗ ಭತ್ಯೆಯ ಗೋಜೇಕೆ?' ಎನ್ನುವವರುಂಟು. ವ್ಯಾಪಾರದ ಮೇಲಣ ಜುಗುಪ್ಸೆಯನ್ನು ದುಡಿಯುವವನ ಕೂಲಿಯ ಮೇಲೆ ತೀರಿಸಿಕೊಳ್ಳುವುದು ನ್ಯಾಯವಲ್ಲವೆಂದು ನಾನು ಭಾವಿಸುತ್ತೇನೆ. ಮಾದಕ ಪಾನೀಯಗಳ ನಿಷೇಧಕ್ಕೆ ಸರ್ಕಾರ ಯತ್ನಿಸಬೇಕೆಂದು ಸಂವಿಧಾನದ 47ನೆಯ ವಿಧಿ ಹೇಳುತ್ತದೆ. ಕಾರ್ಮಿಕರಿಗೆಲ್ಲ ಬಾಳಿಗೆ ಸಾಲುವ ಕೂಲಿ ದೊರಕಿಸಬೇಕೆಂದು 43ನೆಯ ವಿಧಿ ಹೇಳುತ್ತದೆ. 2025-26ರ ಆಯವ್ಯಯದಲ್ಲಿ ಅಬಕಾರಿಯಿಂದಲೇ 40,000 ಕೋಟಿ ರೂಪಾಯಿಗಳ ಗುರಿಯಿಟ್ಟುಕೊಂಡ ಸರ್ಕಾರ ಮೊದಲನೆಯದನ್ನು ಬದಿಗಿಟ್ಟಿದೆ. ಎರಡನೆಯದನ್ನೂ ಬದಿಗಿಡುವ ಹಕ್ಕು ಅದಕ್ಕಿಲ್ಲ.

ತಕರಾರಿನ ಮೂಲವನ್ನು ನೋಡೋಣ. ನಮ್ಮ ರಾಜ್ಯದಲ್ಲಿ ಅಂಗಡಿ ನೌಕರರ ಕನಿಷ್ಠ ವೇತನಕ್ಕೆ ಎರಡು ಪಾಲು: ಒಂದು ಮೂಲವೇತನ, ಇನ್ನೊಂದು ಬೆಲೆಯ ಸೂಚ್ಯಂಕದೊಡನೆ ಏರುವ ತುಟ್ಟಿಭತ್ಯೆ. ಈ ಭತ್ಯೆ ಪ್ರತಿ ವರ್ಷ ಏಪ್ರಿಲ್ 1ರಿಂದ ಪರಿಷ್ಕೃತವಾಗುತ್ತದೆ. ಆದರೆ ಮಾಲೀಕನು ಕೊಡುವುದು ಬಹುಮಟ್ಟಿಗೆ ಒಂದೇ ಇಡುಗಂಟು. ಅದರಲ್ಲಿ ಭತ್ಯೆ ಸೇರಿದೆಯೆ, ಇಲ್ಲವೆ? ಕೆಲಸ ಬಿಟ್ಟ ದಿನವೇ ಈ ಪ್ರಶ್ನೆ ಏಳುವುದು.

ಇದಕ್ಕೆ ಉತ್ತರ ದೊರೆತದ್ದು ಕರ್ನಾಟಕದಿಂದಲೇ ಹೋದ ಮೊಕದ್ದಮೆಯೊಂದರಲ್ಲಿ. ಏರ್‌ಫ್ರೈಟ್ ಕಂಪನಿಗೂ ಕರ್ನಾಟಕ ರಾಜ್ಯಕ್ಕೂ ನಡೆದ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯವು 1999ರಲ್ಲಿ ತೀರ್ಪಿತ್ತಿತು: ಕನಿಷ್ಠ ವೇತನವನ್ನು ಇಡಿಯಾಗಿ ನೋಡಬೇಕು, ಮಾಲೀಕನು ಕೊಡುವ ಒಟ್ಟು ಮೊತ್ತವು ಭತ್ಯೆ ಸೇರಿದ ಕನಿಷ್ಠ ದರಕ್ಕಿಂತ ಹೆಚ್ಚಾಗಿದ್ದರೆ ತುಟ್ಟಿಭತ್ಯೆಯನ್ನು ಪ್ರತ್ಯೇಕವಾಗಿ ಕೊಡಬೇಕಾಗಿಲ್ಲ.

ಈ ತೀರ್ಪನ್ನು ಮಾಲೀಕರ ಗೆಲುವೆಂದಷ್ಟೇ ಓದುವುದು ವಾಡಿಕೆ. ನನಗೆ ಹಾಗೆ ತೋರುವುದಿಲ್ಲ. ಲೆಕ್ಕಕ್ಕೆಂದು ಒಬ್ಬನ ಸಂಬಳ 110 ರೂಪಾಯಿ, ಭತ್ಯೆ ಸೇರಿದ ಕನಿಷ್ಠ ದರ 100 ಎಂದಿಟ್ಟುಕೊಳ್ಳೋಣ. ಈ ವರ್ಷ ಅವನಿಗೆ ಭತ್ಯೆ ಪ್ರತ್ಯೇಕವಾಗಿ ಸಲ್ಲದು. ಆದರೆ ಕನಿಷ್ಠ ದರ ಏಪ್ರಿಲಿಂದ ಏಪ್ರಿಲಿಗೆ 105, 110, 115 ಎಂದು ಏರುತ್ತದೆ. ಅವನ 110 ನಿಂತಲ್ಲೇ ನಿಂತಿರುತ್ತದೆ. ಮೂರನೆಯ ಏಪ್ರಿಲಿನಲ್ಲಿ ಮಾಲೀಕನು 5 ರೂಪಾಯಿಯ ಬಾಕಿದಾರ. ಅಂದು ಅಂಗಡಿಯಲ್ಲಿ ಏನೊಂದೂ ಬದಲಾದಂತೆ ಕಾಣುವುದಿಲ್ಲ, ನೌಕರನಿಗೂ ತಿಳಿಯುವುದಿಲ್ಲ. ತೀರ್ಪಿನ ರಕ್ಷೆ ಬೇಕೆನ್ನುವ ಮಾಲೀಕನು ಪ್ರತಿ ವರ್ಷವೂ ಈ ತಾಳೆ ನೋಡಲೇಬೇಕು. ಒಮ್ಮೆ ಹೆಚ್ಚು ಕೊಟ್ಟೆನೆಂಬುದು ಎಂದೆಂದಿಗೂ ಸಲ್ಲುವ ಉತ್ತರವಲ್ಲ.

ಹಿಂದೆ ಇದನ್ನು ಸಾಧಿಸುವುದೂ ಕಷ್ಟವಾಗಿತ್ತು. 1948ರ ಕನಿಷ್ಠ ವೇತನ ಕಾಯ್ದೆಯಲ್ಲಿ ಅರ್ಜಿಗೆ ಆರು ತಿಂಗಳ ಗಡುವು. ತಡಕ್ಕೆ ತಕ್ಕ ಕಾರಣ ತೋರಿಸಿ ಅಧಿಕಾರಿಯನ್ನು ಒಪ್ಪಿಸಬೇಕಿತ್ತು. 2025ರ ನವೆಂಬರ್ 21ರಂದು ಜಾರಿಗೆ ಬಂದ 2019ರ ವೇತನ ಸಂಹಿತೆಯು ಗಡುವನ್ನು ಮೂರು ವರ್ಷಕ್ಕೆ ಹಿಗ್ಗಿಸಿದೆ. ವೇತನ ಚೀಟಿ ಕೊಡುವುದು ಮಾಲೀಕನ ಕರ್ತವ್ಯ. ಬಾಕಿಯ ವ್ಯಾಜ್ಯ ಎದ್ದರೆ ಹಣ ಸಂದಿದೆಯೆಂದು ರುಜುವಾತುಪಡಿಸುವ ಹೊಣೆಯೂ ಅವನದೇ. ಬಾಕಿಯಲ್ಲದೆ ಅದರ ಹತ್ತರಷ್ಟರವರೆಗೆ ಪರಿಹಾರ ವಿಧಿಸುವ ಅಧಿಕಾರವೂ ಉಂಟು.

ಕಾನೂನು ಇಷ್ಟು ದೂರ ಬಂದಿದೆ. ಅದು ಬಯಲುಸೀಮೆಯ ಹಳ್ಳಿಯ ಅಂಗಡಿಯ ಗಲ್ಲಾದವರೆಗೆ ಬರಬೇಕಾಗಿದೆ. ಮದ್ಯದ ಸನ್ನದನ್ನು ಕೊಡುವುದು ಸರ್ಕಾರವೇ, ಬಾಟಲಿಗಳ ಲೆಕ್ಕ ಕೇಳುವುದೂ ಅದೇ. ಸನ್ನದನ್ನು ನವೀಕರಿಸುವಾಗ ವೇತನದ ಪುಸ್ತಕವನ್ನೂ ಕೇಳಲಿ; ಬೆಲೆಯ ಪಟ್ಟಿಯ ಪಕ್ಕದಲ್ಲಿ ಆ ವರ್ಷದ ಕನಿಷ್ಠ ವೇತನದ ಆದೇಶವನ್ನು ಕನ್ನಡದಲ್ಲಿ ತೂಗುಹಾಕಿಸಲಿ. ಗಿರಾಕಿಗೆ ಸರಕಿನ ಬೆಲೆ ತಿಳಿಯುವಂತೆ ನೌಕರನಿಗೂ ತನ್ನ ದುಡಿಮೆಯ ಬೆಲೆ ತಿಳಿದರೆ, ಇಂತಹ ತಕರಾರುಗಳಲ್ಲಿ ಅರ್ಧ ನ್ಯಾಯಾಲಯದ ಮೆಟ್ಟಿಲನ್ನೇ ಹತ್ತವು.